ತೂಗುಗಲ್ಲಿನ ಬಾಯಿ

ಗುಹೆಯ ಚಾವಣಿಯಿಂದ ಸುಣ್ಣದ ನೀರು ತೊಟ್ಟಿಕ್ಕಿ, ಹೆಪ್ಪುಗಟ್ಟಿ, ಮೇಲೊಂದು ತೂಗುಗಲ್ಲು, ನೆಲದಲ್ಲೊಂದು ಮೋಟುಗಲ್ಲು ಬೆಳೆಯುತ್ತಿದ್ದವು. ಹನಿ ಉದುರುವ ತುದಿಯೇ ತೂಗುಗಲ್ಲಿನ ಬಾಯಿ.

“ಕಾಲವನ್ನೇ ಗಾರೆ ಮಾಡಿಕೊಂಡು ಕಟ್ಟುವ ಶಿಲ್ಪಿ ನಾನು. ನೀನು ನನ್ನ ಎಂಜಲು ತಿಂದು ಬೆಳೆದವನು,” ಎಂದಿತು ತೂಗುಗಲ್ಲು.

“ನಿಜ ಒಡೆಯಾ. ನೀವು ಬಿಟ್ಟದ್ದನ್ನು ನಾನು ಹಾಳು ಮಾಡಲಿಲ್ಲ, ಅಷ್ಟೇ,” ಎಂದಿತು ಮೋಟುಗಲ್ಲು.

ಯುಗಗಳು ಕಳೆದವು. ಮೇಲಿನದು ಇಳಿದು ಇಳಿದು ಕೆಳಗಿನದರ ನೆತ್ತಿಯನ್ನು ಮುಟ್ಟಿತು. ಆಮೇಲೊಂದು ದಿನ ಭೂಮಿ ನಡುಗಿತು. ಚಾವಣಿ ಬಿರುಕು ಬಿಟ್ಟು ತೂಗುಗಲ್ಲಿನ ಬುಡ ಕಳಚಿತು. ಆದರೂ ಅದು ಬೀಳಲಿಲ್ಲ.

“ಭಾರ ನನ್ನ ಮೇಲೆ ಹಾಕಿ ಒಡೆಯಾ, ನಾನಿದ್ದೇನೆ,” ಎಂದಿತು ಮೋಟುಗಲ್ಲು.

ತೂಗುಗಲ್ಲು ನಾಚಿಕೆಯಿಂದ ಕುಗ್ಗಿಹೋಯಿತು. ತಪ್ಪಾಯಿತು ಎನ್ನಲು ಹೊರಟಿತು. ಆದರೆ ಎಂಜಲು ಎಂದಿದ್ದ ಆ ಬಾಯಿ ಮೋಟುಗಲ್ಲಿನ ನೆತ್ತಿಯೊಂದಿಗೆ ಎಂದೋ ಬೆಸೆದು ಕಲ್ಲಾಗಿತ್ತು.