ಬಚ್ಚಲಿನ ಪ್ರೊಪೆಲ್ಲರ್

ಬೋಟಿನಿಂದ ಬಿದ್ದ ಅಕ್ಕುವಿನ ಬಲಗೈಯನ್ನು ಅದೇ ಬೋಟಿನ ಪ್ರೊಪೆಲ್ಲರ್ ತುಂಡರಿಸಿತ್ತು. ಗಾಯ ಹೇಗಾಯಿತೆಂದು ದಾಖಲೆಯಲ್ಲಿ ಕೋಡ್ ಹಾಕುವ ಆಸ್ಪತ್ರೆಯ ಗುಮಾಸ್ತನ ಮುಂದೆ ಬೋಟಿನ ಮಾಲೀಕ ಸಂಕಪ್ಪ ಮೇಜು ಗುದ್ದಿದ.

“ಬೋಟ್ ಅಂತ ಬಂದ್ರೆ ನನ್ನ ಲೈಸೆನ್ಸ್ ಹೋಗ್ತದೆ. ಬಚ್ಚಲಲ್ಲಿ ಜಾರಿ ಬಿದ್ದಳು ಅಂತ ಹಾಕು!”

“ಆಯ್ತು ಧಣಿ,” ಎಂದ ಗುಮಾಸ್ತ. “ಆದರೆ ಡಾಕ್ಟರು ಪ್ರೊಪೆಲ್ಲರಿನ ಗಾಯ ಅಂತ ಆಗಲೇ ಬರೆದಿದ್ದಾರೆ. ಬಚ್ಚಲಿಗೆ ಪ್ರೊಪೆಲ್ಲರ್ ಕೂರಿಸಿದ್ದು ಯಾರು ಅಂತ ಪೊಲೀಸರು ಕೇಳಿದ್ರೆ ನಿಮ್ಮ ಹೆಸರು ಹೇಳ್ಲಾ?”

ಸಂಕಪ್ಪ ಬಾಗಿಲಲ್ಲಿ ಬಿಟ್ಟ ಚಪ್ಪಲಿಯನ್ನೂ ಮರೆತು ಹೊರಟೇಹೋದ.

ಇಡೀ ಆಸ್ಪತ್ರೆ ನಕ್ಕಿತು. ಗುಮಾಸ್ತ ಬೀಗುತ್ತ ಅಕ್ಕುವಿನ ಮಂಚದ ಬಳಿ ಹೋಗಿ ಅವಳಿಗೂ ಕಥೆ ಹೇಳಿದ. ಅವಳಿಗೂ ನಗು ತಡೆಯಲಾಗಲಿಲ್ಲ. ನಾಚಿಕೊಂಡು ಬಾಯಿಗೆ ಅಡ್ಡ ಹಿಡಿಯಲು ಬಲಗೈ ಎತ್ತಿದಳು.

ಬ್ಯಾಂಡೇಜು ಸುತ್ತಿದ ಮೋಟುಗೈ ಬಾಯಿಯ ತನಕ ಬರಲಿಲ್ಲ.

ಆ ಕಥೆಯನ್ನು ಗುಮಾಸ್ತ ಮತ್ತೆ ಯಾರಿಗೂ ಹೇಳಲಿಲ್ಲ.