ಕೇಳದೆಣ್ಣೆ ಓಣಿ

ಕೋಡಿಬೇಲೆಯ ಹಳೇ ಬಂದರಿನಲ್ಲಿ ಈಗ ಹಡಗು ನಿಲ್ಲುವುದಿಲ್ಲ. ಹೂಳಿನಲ್ಲಿ ಕೊಕ್ಕರೆಗಳು ನಿಲ್ಲುತ್ತವೆ. ಅಲ್ಲಿಂದ ಮೇಲೇರುವ ಓಣಿಯ ತುದಿಗೆ ಯೆಹೂದ್ಯರ ಪ್ರಾರ್ಥನಾಮಂದಿರವಿದೆ, ಪ್ರಾರ್ಥಿಸಲು ಯೆಹೂದ್ಯರಿಲ್ಲ. ಓಣಿಗೆ ಕೇಳದೆಣ್ಣೆ ಓಣಿ ಎಂಬ ಹೆಸರು ಬಂದದ್ದು ಹಸಾಜಿ ಎಂಬ ಯೆಹೂದ್ಯ ಗಾಣಿಗನ ಒಂದು ಶನಿವಾರದಿಂದ ಎನ್ನುತ್ತಾರೆ.

ಹಿಂದೆ ಒಮ್ಮೆ ಇಲ್ಲಿನ ಯೆಹೂದ್ಯರೆಲ್ಲ ಎಳ್ಳೆಣ್ಣೆ ತೆಗೆದು ಬದುಕುತ್ತಿದ್ದರು. ಶುಕ್ರವಾರ ಸೂರ್ಯ ಮುಳುಗಿದರೆ, ಶನಿವಾರ ಮೂರು ನಕ್ಷತ್ರ ಕಾಣುವವರೆಗೆ ಅವರ ಧರ್ಮದ ವಿಶ್ರಾಂತಿ; ಗಾಣ ತಿರುಗಿಸರು, ದೀಪ ಮುಟ್ಟರು. ಮಾಡಿಕೊಡಿ ಎಂದು ಪರರನ್ನು ಕೇಳುವುದೂ ನಿಷಿದ್ಧ. ಆದರೆ ಮಂದಿರದ ತೂಗುದೀಪ ಆರಕೂಡದು. ಹಿರಿಯರು ದಡ ಹತ್ತಿದ ದಿನ ಹೊತ್ತಿಸಿದ್ದು ಅದು. ಆ ವಾರ ಎಣ್ಣೆಯ ಸರದಿ ಹಸಾಜಿಯದು. ಕೂಸು ಹುಟ್ಟುವ ಮುಂಚೆ ಕುಲಾವಿ ಎಂಬಂತೆ, ಶುಕ್ರವಾರ ಬೆಳಿಗ್ಗೆ, ಸಂಜೆಯೊಳಗೆ ಬೇರೆ ತೆಗೆದರಾಯಿತೆಂದು ಇದ್ದ ಎಣ್ಣೆಯನ್ನೆಲ್ಲ ಹಡಗಿನವರಿಗೆ ಮಾರಿಬಿಟ್ಟ. ಮಧ್ಯಾಹ್ನ ಗಾಣದೆತ್ತು ಕಾಲು ಉಳುಕಿಸಿಕೊಂಡು ಮಲಗಿತು. ತನ್ನವರ ಮನೆಗಳಲ್ಲಿ ಕೇಳಲು ಮಾನ ಅಡ್ಡಬಂತು. ತಾನೇ ನೊಗಕ್ಕೆ ಹೆಗಲು ಕೊಟ್ಟ. ಎರಡು ಬೆರಳಷ್ಟು ಎಣ್ಣೆ ತೆಗೆದು ದೀಪಕ್ಕೆ ಎರೆಯುವಷ್ಟರಲ್ಲಿ ಸೂರ್ಯ ಕಡಲಿಗಿಳಿದ.

ಮರುದಿನ ಮಧ್ಯಾಹ್ನ ಕಳೆಯುವಾಗ ಉರಿ ಎಳ್ಳಿನ ಕಾಳಿನಷ್ಟಾಗಿತ್ತು. ಹಸಾಜಿ ಹೊಸ್ತಿಲಲ್ಲಿ ಕೂತು ಒಮ್ಮೆ ಒಳಗೆ, ಒಮ್ಮೆ ಆಕಾಶ ನೋಡುತ್ತಿದ್ದ. ಏಳು ತಲೆಮಾರಿನ ದೀಪ ತನ್ನ ಸರದಿಯಲ್ಲಿ ಆರಿದರೆ ಮಕ್ಕಳಿಗೆ ಮುಖ ತೋರಿಸುವುದು ಹೇಗೆ? ಆಗ ಮೀನು ಮಾರುವ ಹೊನ್ನಿ ನೆರಳಿಗೆಂದು ಬುಟ್ಟಿ ಇಳಿಸಿದಳು.

“ಮೋರೆ ಎಂತಕ್ಕೆ ಹೀಂಗೆ ಬಾಡ್ತು?” ಎಂದಳು.

ದೀಪದತ್ತ ಕಣ್ಣು ಹೊರಳಿದರೂ ಕೇಳಿದಂತಾದೀತೆಂದು ಹಸಾಜಿ ನೆಲ ನೋಡಿದ. ಹೊನ್ನಿ ಒಳಗೆ ಇಣುಕಿ ಎದ್ದು ಹೋದಳು. ಬಿಸಿಲು ಗೋಡೆ ಹತ್ತಿತು. ಬತ್ತಿ ಚಟಚಟ ಎನ್ನತೊಡಗಿತು. ಅಷ್ಟರಲ್ಲಿ ಅವಳು ತಲೆಗೆ ಹಚ್ಚುವ ಕೊಬ್ಬರಿ ಎಣ್ಣೆಯ ಕುಡಿಕೆ ಹಿಡಿದು ಏದುಸಿರು ಬಿಡುತ್ತ ಬಂದು, ನೇರ ಒಳಹೊಕ್ಕು ಎರೆದಳು.

“ನಿಮ್ಗೆ ಹಾಕ್ದದ್ದಲ್ಲ, ದೀಪಕ್ಕೆ ಹಾಕ್ದೆ. ಇದ್ಕೂ ಕೇಳ್ಬೇಕಾ?”

ಹಸಾಜಿ ಗಳಗಳನೆ ಅತ್ತ.

ಮುಂದೆ ಬಂದರಿನಲ್ಲಿ ಹೂಳು ತುಂಬತೊಡಗಿ, ಅವರೆಲ್ಲ ಊರು ಬಿಟ್ಟದ್ದು ಒಂದು ಬುಧವಾರ. ದೀಪ ನೋಡಿಕೊಳ್ಳೆಂದು ಕೇಳಲು ಅಂದು ಯಾವ ಅಡ್ಡಿಯೂ ಇರಲಿಲ್ಲ. ಮುದುಕನಾಗಿದ್ದ ಹಸಾಜಿ ಹೊನ್ನಿಯ ಅಂಗಳಕ್ಕೆ ಬಂದ. ಕೇಳದೆಯೇ ಮಂದಿರದ ಬೀಗದ ಕೈ ಅವಳ ಜಗಲಿಯ ಮೇಲಿಟ್ಟು ಹಡಗು ಹತ್ತಿದ ಎನ್ನುತ್ತಾರೆ.

ಇಂದಿಗೂ ಅಲ್ಲಿಗೆ ಹೋದವರಿಗೆ ಒಡೆದ ಗಾಣದ ಕಲ್ಲು, ಖಾಲಿ ಬೆಂಚುಗಳು, ಅವುಗಳ ಮೇಲೆ ತೂಗುವ ಒಂದು ಸಣ್ಣ ಉರಿ ಕಾಣುತ್ತವೆ. ಹೊನ್ನಿಯ ಮನೆತನದ ಸೊಸೆ ಎಣ್ಣೆ ಪ್ಯಾಕೆಟ್ಟಿನ ಮೂಲೆ ಹಲ್ಲಿನಲ್ಲಿ ಕಚ್ಚಿ ಎರೆಯುತ್ತಾಳೆ. ಶನಿವಾರವಾದರೆ, ಮೂರು ನಕ್ಷತ್ರ ಮೂಡುವ ತನಕ ಹೊಸ್ತಿಲು ಬಿಟ್ಟು ಏಳುವುದಿಲ್ಲ. ಒಮ್ಮೆ ಒಳಗೆ, ಒಮ್ಮೆ ಆಕಾಶ ನೋಡುತ್ತಿರುತ್ತಾಳೆ.