ನೀರು ಹೊಸೆಯುವವಳು

“ಗುರುಗಳೇ, ಊರಿನವರಿಗೆ ಔಷಧ ಅರೆಯುವಾಗ ಆದಷ್ಟು ಅರೆದು ಕೊಡುತ್ತೇನೆ. ಮನೆಯಲ್ಲಿ ಮಲಗಿರುವ ತಾಯಿಗೆ ಕಳಿಸುವುದನ್ನು ಮಾತ್ರ ಬೆಣ್ಣೆಯಂತಾಗುವವರೆಗೆ ಅರೆಯುತ್ತೇನೆ. ಇದು ತಪ್ಪೇ?” ಎಂದು ಶಿಷ್ಯ ಕೇಳಿದ.

ಗುರುಗಳು ಅವನ ಮುಂದಿದ್ದ ಅರೆಯುವ ಕಲ್ಲನ್ನು ನೋಡಿದರು. “ತಾಯಿ ಎಂದ ಮೇಲೆ ತಪ್ಪು ಎನ್ನುವ ಬಾಯಿ ಯಾರಿಗಿದೆ? ಒಂದು ಕತೆ ಹೇಳುತ್ತೇನೆ. ಕೈ ನಿಲ್ಲಿಸಬೇಡ, ಅರೆಯುತ್ತಲೇ ಕೇಳು,” ಎಂದು ಹೇಳತೊಡಗಿದರು.

ಯಾವ ನಾವಿಕನ ಲೆಕ್ಕಕ್ಕೂ ಸಿಗದ ಒಂದು ದ್ವೀಪ. ಅಲ್ಲಿ ಕಡಲಿನ ಕುಶಲಕರ್ಮಿಗಳ ಒಂದು ಕೂಟವಿತ್ತು. ಕೆಲವರು ನೊರೆಯನ್ನು ನೂತು ಹಾಯಿ ನೇಯುವರು. ಕೆಲವರು ನೀರೊಳಗಿನ ಮಿನುಗನ್ನು ಚಿಪ್ಪಿನಲ್ಲಿ ಹಿಡಿದು ದೀಪ ಮಾಡುವರು. ಇನ್ನು ಕೆಲವರು ನೀರನ್ನೇ ಹೊಸೆದು ಹಗ್ಗ ಮಾಡುವರು. ನಗಬೇಡ. ಅಲೆ ಎದ್ದು, ಇನ್ನೇನು ಒಡೆಯಬೇಕು ಎನ್ನುವ ಹೊತ್ತಿಗೆ ಅದರ ಅಂಚಿಗೆ ಮೀನಿನ ಮುಳ್ಳಿನ ಬಾಚಣಿಗೆ ಹಾಕಿ ಎಳೆದರೆ ಹಸಿರು ಎಳೆ ಬರುತ್ತಿತ್ತು. ಬೆಳಗಾದರೆ ಅವರೆಲ್ಲ ದಡದ ಉದ್ದಕ್ಕೂ ಸಾಲಾಗಿ ನಿಂತು, ಅರೆನಿದ್ದೆಯಲ್ಲಿದ್ದವರಂತೆ ಗುನುಗುತ್ತಾ ಎಳೆ ತೆಗೆಯುವರು. ಆ ಹೊತ್ತಿನಲ್ಲಿ ಕಡಲು ಕೂಡ ನಿಧಾನವಾಗಿ ಉಸಿರಾಡುತ್ತಿತ್ತು.

ಹೊಸೆಯುವಾಗ ಮನಸ್ಸು ಹಗ್ಗದಲ್ಲೇ ಇರಬೇಕು. ಕೊನೆಯ ಗಂಟು ಹಾಕುವಾಗ “ನೀನು ಯಾರೇ ಆಗಿರು, ಮರಳಿ ಬಾ” ಎಂದು ಹೇಳಬೇಕು. ಮನಸ್ಸು ಅತ್ತಿತ್ತ ಹೋದರೂ ಹಗ್ಗ ನೋಡಲು ಹಾಗೆಯೇ ಇರುತ್ತಿತ್ತು. ಭಾರ ಬಿದ್ದಾಗ ಮಾತ್ರ ಮತ್ತೆ ನೀರಾಗಿಬಿಡುತ್ತಿತ್ತು. ಮುಗಿದ ಹಗ್ಗಗಳನ್ನೆಲ್ಲ ಒಂದು ಕತ್ತಲೆ ಕೋಣೆಯಲ್ಲಿ ರಾಶಿ ಹಾಕುವರು. ಕಡಲಿಗೆ ಹೋಗುವವರು ಒಬ್ಬೊಬ್ಬರಾಗಿ ಒಳಗೆ ಹೋಗಿ ಕೈಗೆ ಸಿಕ್ಕ ಒಂದನ್ನು ತರುವರು. ಯಾರ ಹಗ್ಗ ಯಾರಿಗೆ ಎಂದು ಕೇಳುವಂತಿಲ್ಲ. ಗಾಳಿ ಎದ್ದಾಗ ಅದರ ಒಂದು ತುದಿಯನ್ನು ದೋಣಿಗೆ, ಇನ್ನೊಂದನ್ನು ಸೊಂಟಕ್ಕೆ ಕಟ್ಟಿಕೊಳ್ಳುವರು. ಪಕ್ಕದ ದೋಣಿಯವನು ನೀರಿಗೆ ಬಿದ್ದರೆ ಸೊಂಟದಿಂದ ಬಿಚ್ಚಿ ಅವನತ್ತ ಎಸೆಯುವರು.

ಆ ಕೂಟದಲ್ಲಿ ಒಬ್ಬ ಹೆಂಗಸಿದ್ದಳು. ಎಡಗೈಯವಳು. ಉಳಿದವರೆಲ್ಲ ಬಲಕ್ಕೆ ಹೊಸೆದರೆ ಅವಳೊಬ್ಬಳ ಹುರಿ ಎಡಕ್ಕೆ ತಿರುಗುತ್ತಿತ್ತು. ಅವಳ ಹಗ್ಗ ಕೈಕೊಟ್ಟದ್ದನ್ನು ಕಂಡವರಿರಲಿಲ್ಲ. ಅವಳಿಗೆ ಒಬ್ಬನೇ ಮಗ. ಆ ವರ್ಷ ಅವನು ಮೊದಲ ಸಲ ದೂರದ ಕಡಲಿಗೆ ಹೊರಟು ನಿಂತ. ಅವಳ ಎದೆಯಲ್ಲಿ ಅವಲಕ್ಕಿ ಕುಟ್ಟಿದಂತಾಯಿತು.

ಒಂದು ತಿಂಗಳು ಅವಳು ಒಂದೇ ಹಗ್ಗ ಹೊಸೆದಳು. ಕೊನೆಯ ಗಂಟಿಗೆ ಹೇಳಬೇಕಾದ ಮಾತನ್ನು ಬಿಟ್ಟು ಮಗನ ಹೆಸರು ಹೇಳಿದಳು. ಕೂಟಕ್ಕೆ ಅವಳಿಂದ ಇನ್ನೂ ಐದು ಹಗ್ಗ ಬರಬೇಕಿತ್ತು. ಅವನ್ನು ಎರಡೇ ದಿನದಲ್ಲಿ ಹೊಸೆದು ಕೈ ತೊಳೆದುಕೊಂಡಳು. ಕೈ ಹೊಸೆಯುತ್ತಿತ್ತು, ಕಣ್ಣು ಮಗನ ದೋಣಿಯ ಮೇಲಿತ್ತು. ಹೆತ್ತವರಿಗೆ ಹೆಗ್ಗಣ ಮುದ್ದು ಎನ್ನುತ್ತಾರೆ. ಅವಳ ಮಗ ಹೆಗ್ಗಣವೇನೂ ಅಲ್ಲ, ಒಳ್ಳೆಯ ಹುಡುಗ. ಅವಳನ್ನು ಬೈಯಲು ನನಗೂ ಬಾಯಿ ಬಾರದು.

“ಒಂದರ ತುದಿಗೆ ಚಿಪ್ಪಿನ ಚೂರು ಸಿಕ್ಕಿಸಿದ್ದೇನೆ ಮಗ. ಕೋಣೆಯಲ್ಲಿ ತಡವಿ ನೋಡಿ ಅದನ್ನೇ ತೆಗೆದುಕೋ,” ಎಂದಳು.

“ಹಾಗೆ ಮಾಡುವಂತಿಲ್ಲವಲ್ಲ, ಅಮ್ಮ.”

“ನಿನ್ನನ್ನು ಹೆತ್ತದ್ದು ನಾನು, ಕೂಟವಲ್ಲ. ಹೇಳಿದಷ್ಟು ಮಾಡು.”

ಅವನು ಹೇಳಿದಷ್ಟು ಮಾಡಿದ. ದೋಣಿಗಳು ಹೊರಟವು. ಉಳಿದ ತಾಯಂದಿರು ದಿನವೂ ಮೋಡ ನೋಡುತ್ತಿದ್ದರೆ ಅವಳು ನಿಶ್ಚಿಂತೆಯಿಂದ ತನ್ನ ಒಲೆ ನೋಡಿಕೊಂಡಿದ್ದಳು.

ಇಪ್ಪತ್ತನೆಯ ದಿನ ದೋಣಿಗಳು ಮರಳಿದವು. ಅವುಗಳಲ್ಲಿ ಮಗನ ದೋಣಿ ಇರಲಿಲ್ಲ. ಮಗ ಇದ್ದ, ಬೇರೆಯವರ ದೋಣಿಯಲ್ಲಿ, ಹಾಯಿಯ ಬಟ್ಟೆ ಹೊದ್ದುಕೊಂಡು. ಅವಳು ಅವನನ್ನು ಮನೆಗೆ ಕರೆತಂದು ಗಂಜಿ ಕುಡಿಸಿದಳು. ನಾಲ್ಕು ಗುಟುಕು ಒಳಗಿಳಿದ ಮೇಲೆ ಅವನಿಗೆ ಮಾತು ಬಂತು.

“ದೋಣಿ ಬಂಡೆಗೆ ಬಡಿದು ಒಡೆಯಿತು, ಅಮ್ಮ. ನಿನ್ನ ಹಗ್ಗ ಸೊಂಟದಲ್ಲಿತ್ತು. ಅದು ಹರಿಯಲೇ ಇಲ್ಲ. ಮುಳುಗುವ ದೋಣಿಯ ಜೊತೆ ನನ್ನನ್ನೂ ಕೆಳಗೆ ಎಳೆದುಕೊಂಡು ಹೋಯಿತು. ಹೇಗೋ ಗಂಟು ಬಿಚ್ಚಿಕೊಂಡು ಮೇಲೆ ಬಂದೆ. ಪಕ್ಕದ ದೋಣಿಯವನು ತನ್ನ ಹಗ್ಗ ಎಸೆದ. ಕೈಗೆ ಸಿಕ್ಕಿದಾಗ ನೋಡಿದರೆ ಹುರಿ ಎಡಕ್ಕಿತ್ತು. ನಿನ್ನದೇ, ಇನ್ನು ಬದುಕಿದೆ ಎಂದು ಎರಡೂ ಕೈಯಲ್ಲಿ ಜೋತುಬಿದ್ದೆ. ಮುಷ್ಟಿಯಲ್ಲಿ ನೀರು ಮಾತ್ರ ಉಳಿಯಿತು.”

“ಮತ್ತೆ ಹೇಗೆ ಬಂದೆ?” ಎಂದು ಅವಳು ಕೇಳಿದಳು.

“ಆಚೆಯ ದೋಣಿಯವನು ಇನ್ನೊಂದು ಎಸೆದ. ಅದು ಬಲಕ್ಕೆ ಹೊಸೆದದ್ದು. ನಿನ್ನದೇ ನಿಲ್ಲದ ಮೇಲೆ ಅದನ್ನು ಏನೆಂದು ನಂಬಲಿ? ಬೇರೆ ದಾರಿಯಿಲ್ಲದೆ ಹಿಡಿದೆ. ಅದು ನಿಂತಿತು.”

ಅವಳು ಗಂಜಿಯ ಬಟ್ಟಲನ್ನು ಕೆಳಗಿಟ್ಟಳು. ಐದರಲ್ಲಿ ಒಂದು ನೀರಾಗಿತ್ತು. ಇನ್ನೂ ನಾಲ್ಕು ದಡದ ದೋಣಿಗಳಲ್ಲಿದ್ದವು. ಆ ದೋಣಿಗಳಲ್ಲಿ ಹೋಗುವವರಿಗೂ ತಾಯಂದಿರಿದ್ದರು. ನಾಚಿಕೆಯಿಂದ ಅವಳಿಗೆ ಭೂಮಿ ಬಾಯಿಬಿಡಬಾರದೇ ಎನಿಸಿತು. ಆದರೂ ಎದ್ದು ದಡಕ್ಕೆ ಹೋದಳು. ಕೂಟದವರೆಲ್ಲ ನೋಡುತ್ತಿರುವಂತೆ ದೋಣಿಯಿಂದ ದೋಣಿಗೆ ನಡೆದು, “ಈ ಸಲದ ಎಡ ಹುರಿಯ ಹಗ್ಗವಿದ್ದರೆ ಕೊಡಿ. ಅದು ನಾನು ಹೊಸೆದದ್ದು. ಅದನ್ನು ನಂಬಬೇಡಿ,” ಎಂದು ಕೇಳಿದಳು. ನಾಲ್ಕೂ ಸಿಕ್ಕಿದವು. ಅವನ್ನು ಅಲೆಯ ಮೇಲೆ ಇಟ್ಟಳು. ಕಡಲು ಸದ್ದಿಲ್ಲದೆ ತನ್ನ ನೀರನ್ನು ತಾನು ತೆಗೆದುಕೊಂಡಿತು.

ಮಾರನೆಯ ಬೆಳಗ್ಗೆ ಬಾಚಣಿಗೆ ಹಿಡಿದು ಅವಳು ಮತ್ತೆ ಸಾಲಿನಲ್ಲಿ ನಿಂತಳು. ಅಕ್ಕಪಕ್ಕದವರು ಸರಿದು ಜಾಗ ಬಿಟ್ಟರು. ಮೊದಲ ಹಗ್ಗದ ಕೊನೆಯ ಗಂಟು ಹಾಕುವಾಗ “ನೀನು ಯಾರೇ ಆಗಿರು, ಮರಳಿ ಬಾ” ಎಂದಳು.

ಗುರುಗಳು ಕತೆ ಮುಗಿಸಿದರು. ಅರೆಯುವ ಕಲ್ಲಿನ ಸದ್ದು ಯಾವಾಗಲೋ ನಿಂತಿತ್ತು.

“ಗುರುಗಳೇ, ಅವಳ ಮಗನನ್ನು ಎಳೆದು ತಂದ ಆ ಹಗ್ಗವನ್ನು ಹೊಸೆದವರು ಯಾರು?” ಎಂದು ಶಿಷ್ಯ ಕೇಳಿದ.

“ಯಾರಿಗೆ ಎಂದು ಕೇಳದವರು,” ಎಂದರು ಗುರುಗಳು.